ಎರಡು ಹಲ್ಲಿನ ಜಾಗ

ತಾಲಿನ್ ದಾಟಿ ಎರಡು ತಿರುವು. ಅಲ್ಲೇ ಸಾಯುತ್ತಿತ್ತು,
ಕೆಮ್ಮದೆ, ನರಳದೆ, ಹೇಳದೆ ಕೇಳದೆ.
ಗಾಡಿ ತುಂಬ ಆರು ಜನ, ಕಾಲಡಿಯಲ್ಲಿ ಉಪ್ಪು ಚೀಸಿನ ಡಬ್ಬಿ.
ಯಾರೂ ಬೈಯುವುದಿಲ್ಲ. ಬೈಯದಿರುವುದೇ ಬೈಗುಳ.
ನಲವತ್ತು ನಿಮಿಷ ಕಾದರೆ ತಾನೇ ಏಳುವುದು,
ಮಧ್ಯಾಹ್ನದ ನಿದ್ದೆ ಮುಗಿಸಿದ ಮಾವನ ಹಾಗೆ,
ಏನೂ ಆಗಿಲ್ಲವೆಂಬಂತೆ.

ಗ್ಯುಮ್ರಿಯಲ್ಲಿ ಓಪೆಲ್ ವೈದ್ಯರಿಗೇನು ಬರವೇ?
ಹ್ಮಾಯಕ್ ಅಂದ: ಗ್ಯಾಸಿನದೇ ಕಿತಾಪತಿ.
ಪೆಟ್ರೋಲಿಗೆ ತಿರುಗಿಸಿದೆ, ಪೆಟ್ರೋಲಿನಲ್ಲೂ ಸತ್ತಿತು.
ಅವನ ತಮ್ಮ ಪಂಪು ಬದಲಿಸಿದ, ಷಡ್ಡಕ ಕಾಯಿಲ್ ಬದಲಿಸಿದ.
ನೆಗಡಿಗೆ ಮೂಗು ಕೊಯ್ದರು,
ಕೊಯ್ದ ಮೂಗಿಗೂ ಬಿಲ್ಲು ಕೊಟ್ಟರು.
ಅತ್ತೆ ಬಂದು ಕನ್ನಡಿಗೆ ನೀಲಿ ಕಣ್ಣಿನ ಮಣಿ ಕಟ್ಟಿದಳು.
ಮಣಿಯ ಸಮೇತ ಸತ್ತಿತು.

ಕೊನೆಗೆ ನೊರಾಯರ್. ಕೈ ಪಳಗಿದವರನ್ನಷ್ಟೇ
ನಾವು ವರ್ಪೆತ್ ಅನ್ನುತ್ತೇವೆ; ಅವನನ್ನು ಊರೇ ಅನ್ನುತ್ತದೆ.
ಬಾನೆಟ್ ಎತ್ತಲಿಲ್ಲ. ಬಂದು ಪಕ್ಕದಲ್ಲಿ ಕೂತ.
"ನಡೆಸು, ಸಾಯುವವರೆಗೂ ನಡೆಸು."

ತಾಲಿನ್ ದಾಟಿ ಎರಡು ತಿರುವು.
"ಈಗ ಕೀ ತಿರುಗಿಸು. ಸದ್ದು ಕೇಳಬೇಡ, ಮುಳ್ಳು ನೋಡು."
ಸ್ಟಾರ್ಟರ್ ಗೊರಗೊರ ತಿರುಗುತ್ತಿದೆ,
ಸುತ್ತು ಎಣಿಸುವ ಮುಳ್ಳು ಮಾತ್ರ
ಸೊನ್ನೆಯ ಮೇಲೆ ತಲೆಯಿಟ್ಟು ಮಲಗಿದೆ.
"ಶಾಫ್ಟು ತಿರುಗುವುದು ನಿಜ. ತಿರುಗಿದ್ದನ್ನು ಕಂಡವರಿಲ್ಲ.
ಕಾಣದ್ದಕ್ಕೆ ಯಾರು ಕಿಡಿ ಕೊಡುತ್ತಾರೆ?"

ರಸ್ತೆ ಬದಿಗೆ ಪುಲ್‌ಪುಲಾಕ್. ಯಾರೋ ಯಾರದೋ ನೆನಪಿಗೆ ಕಟ್ಟಿಸಿದ್ದು,
ಕಲ್ಲಿನ ನಡುವಿನಿಂದ ಬೆರಳುದ್ದ ಚಿಮ್ಮುವ ನೀರು.
ಬಾಗಿ ಕುಡಿದ. ಒದ್ದೆ ಕೈ ಕತ್ತಿಗೆ ಒತ್ತಿಕೊಂಡ. ಬಾಟಲಿ ತುಂಬಿಸಿದ.
ಬ್ಲಾಕಿನ ಕೆಳಮಗ್ಗುಲಿಗೆ, ಆಯಿಲ್ ಫಿಲ್ಟರಿನ ಹತ್ತಿರ,
ಜ್ವರದ ಮಗುವಿನ ಹಣೆಗೆಂಬಂತೆ ಸುರಿದ.
ಚುಸ್ ಎಂದು ಆವಿ.
ಎರಡನೆಯ ಬಾಟಲಿಗೆ ಆವಿಯಿಲ್ಲ.
"ಈಗ."
ಎದ್ದಿತು.

ಒಂದೇ ಬೋಲ್ಟು. ಹತ್ತರ ಸ್ಪ್ಯಾನರು, ಎರಡು ನಿಮಿಷ.
ಆದರೆ ಸೆನ್ಸರ್ ತೂತಿನೊಳಗೆ ಊದಿ ಕೂತಿತ್ತು,
ಬಾಡಿಗೆ ಕೊಡದ ಬಿಡಾರದವನಂತೆ.
ಎಣ್ಣೆ ಬಿಟ್ಟರು, ಬೇಡಿದರು, ಮೆಲ್ಲಗೆ ಅಲುಗಿಸಿದರು;
ಒಂದೂವರೆ ಗಂಟೆಯ ಮೇಲೆ ಪುಸಕ್ಕನೆ ಕೈಗೆ ಬಂತು.
ಮಗಳು ಶೋಘಿಕ್ ಮೀಟರಿನ ಕಡ್ಡಿ ಮುಟ್ಟಿಸಿದಳು:
ಎಂಟುನೂರ ಅರವತ್ತು ಓಮ್. ಆರೋಗ್ಯವಂತ!
ತನ್ನ ಹೇರ್ ಡ್ರೈಯರ್ ತಂದು ಬಿಸಿ ಊದಿದಳು:
ಒಂಬೈನೂರು. ಸಾವಿರದ ನೂರು. ಆಮೇಲೆ ಅಂಕಿಯೇ ಇಲ್ಲ.
ಒಳಗೆಲ್ಲೋ ಕೂದಲಿಗಿಂತ ತೆಳ್ಳನೆಯ ತಂತಿ
ಬಿಸಿಗೆ ಬಿಟ್ಟುಕೊಳ್ಳುತ್ತದೆ, ತಂಪಿಗೆ ಕೂಡಿಕೊಳ್ಳುತ್ತದೆ.

"ಇಲ್ಲಿ ನೋಡು" ಅಂದ ವರ್ಪೆತ್, ತೂತಿಗೆ ಟಾರ್ಚ್ ಹಿಡಿದು.
ಎಣ್ಣೆಗತ್ತಲಲ್ಲಿ ಹಲ್ಲಿನ ಚಕ್ರ.
"ಅರವತ್ತಕ್ಕೆ ಜಾಗ. ಇರುವುದು ಐವತ್ತೆಂಟು."
ಮುರಿದವೇ, ಅಂದೆ, ಎದೆ ಧಸಕ್ಕೆಂದು.
"ಬೇಕೆಂದೇ ಬಿಟ್ಟದ್ದು. ಎಲ್ಲ ಹಲ್ಲೂ ಇದ್ದರೆ
ಸುತ್ತು ಎಲ್ಲಿ ಶುರುವೆಂದು ಹೇಗೆ ತಿಳಿಯಬೇಕು?
ಇಲ್ಲದ ಎರಡನ್ನು ಹಿಡಿದೇ ಇದು ತನ್ನ ಜಾಗ ಅರಿಯುತ್ತದೆ."
ಆಮೇಲೆ ನಕ್ಕ. ಅವನ ಬಾಯಲ್ಲಿ ಏಳೆಂಟು ಖಾಲಿ.
"ಆ ಲೆಕ್ಕಕ್ಕೆ ಅಪ್ಪ ದಾರಿ ತಪ್ಪಲೇಬಾರದು" ಅಂದಳು ಶೋಘಿಕ್.

ಹೊಸದು ಹೆಬ್ಬೆರಳಿನಷ್ಟು. ಒಂಬತ್ತು ಸಾವಿರ ದ್ರಾಮ್.
ರಬ್ಬರ್ ಉಂಗುರಕ್ಕೆ ಎಣ್ಣೆ ಸವರಿ ಒತ್ತಿದರು. ಟಕ್.

ಮರುದಿನ ತಾಲಿನ್ ದಾಟಿ ಎರಡು ತಿರುವು,
ಸಾಯಲಿಲ್ಲ. ನನ್ನ ಕಾಲೇ ಬ್ರೇಕ್ ಒತ್ತಿತು.
ಹಿಂದಿನಿಂದ ಒಂದು ನಿಟ್ಟುಸಿರು. ನೀರಿಗಷ್ಟೇ, ಅಂದೆ.
ಇಲ್ಲಿ ಇಷ್ಟು ಸಲ ಕೆಟ್ಟು ನಿಂತರೂ ಓದಿರಲಿಲ್ಲ:
ವಾಘಿನಾಕ್. ಹನ್ನೊಂದು ವರ್ಷ. ಡಿಸೆಂಬರ್, ಎಂಬತ್ತೆಂಟು.
ಆ ಡಿಸೆಂಬರಿಗೆ ನನಗೂ ಹನ್ನೊಂದು.
ನೆಲ ನಡುಗಿದ ಮೇಲೆ ಡೇರೆಯ ಶಾಲೆಯಲ್ಲಿ
ಟೀಚರ್ ಹಾಜರಿ ಕರೆಯುವಾಗ
ಕೆಲವು ಹೆಸರುಗಳ ಜಾಗಕ್ಕೆ ಬಂದು ತಡೆಯುತ್ತಿದ್ದಳು,
ಆಮೇಲೆ ಮುಂದಿನದು ಕರೆಯುತ್ತಿದ್ದಳು.

ಬಾಗಿ ಕುಡಿದೆ. ನೀರು ಹಲ್ಲು ಜುಮ್ಮೆನ್ನಿಸಿತು.
ಗಾಡಿಯೊಳಗಿಂದ ಚೀಸಿನ ಮುದುಕಿ ಕೂಗಿದಳು:
"ಎಷ್ಟಾದರೂ ಕುಡಿಯಪ್ಪ, ಎಂಜಿನ್ ಮಾತ್ರ ಆರಿಸಬೇಡ!"