ಗೋಪುರದ ಖರ್ಚಿನ ಪುಸ್ತಕ

ಊರಿನ ಹಳೆಯ ಖರ್ಚಿನ ಪುಸ್ತಕದಲ್ಲಿ
ಗೋಪುರಕ್ಕೆಂದೇ ಬೇರೆ ಪುಟಗಳು.
ಸಾವಿರದ ನಾನೂರ ಹನ್ನೆರಡು, ಚಳಿಗಾಲ:
ಸೆಣಬಿನ ಹಗ್ಗ, ನಲವತ್ತು ಮಾರು.
ಹಂದಿಕೊಬ್ಬು, ಅಚ್ಚಿಗೆ ಸವರಲು.
ಮೂವರಿಗೆ ಬಿಯರು, ಮೇಲೆ ಹತ್ತಿದ್ದಕ್ಕೆ.
ಒಬ್ಬನಿಗೆ ಮತ್ತೆ ಬಿಯರು, ಇಳಿದದ್ದಕ್ಕೆ.
ಉಳಿದಿಬ್ಬರ ಹೆಸರು ಮುಂದಿನ ಪುಟದಲ್ಲಿ,
ಹಲಗೆ, ಮೊಳೆ, ಪಾದ್ರಿಯ ದಕ್ಷಿಣೆಯ ಪಕ್ಕ.

ಗೊದೆಲೀವ ಓದುತ್ತಾಳೆ, ಸಾಲಿನ ಕೆಳಗೆ ಬೆರಳಿಟ್ಟು.
ಮೋಟಾರಿಗೆ ಎಣ್ಣೆ ಬಿಡುವುದು ಅವಳ ಕೆಲಸ,
ಪಾರಿವಾಳದ ಹಿಕ್ಕೆ ಕೆರೆಯುವುದು,
ಭಾನುವಾರ ಬಂದವರನ್ನು
ಮುನ್ನೂರ ಆರು ಮೆಟ್ಟಿಲು ಹತ್ತಿಸುವುದು.
ಓದು ಯಾರೂ ಹೇಳಿದ್ದಲ್ಲ.

ಲೀಯೆ ನದಿಯ ದಂಡೆ, ನೇಕಾರರ ಊರು.
ಬೆಳಗಿನ ಗಂಟೆಗೆ ಮಗ್ಗಕ್ಕೆ ಕೂರಬೇಕು,
ಸಂಜೆಯ ಗಂಟೆಗೆ ಏಳಬೇಕು.
ಬಟ್ಟೆ ವ್ಯಾಪಾರಿ ಹಗ್ಗದವನ ಕೈಗೆ ನಾಣ್ಯ ಒತ್ತಿದರೆ
ಸಂಜೆಯ ಗಂಟೆ ಅರ್ಧ ಗಂಟೆ ತಡ.
ಅದು ಖರ್ಚಿನ ಪುಸ್ತಕದಲ್ಲಿಲ್ಲ.
ಒಂದು ಕಂತೆ ದೂರಿನ ಕಾಗದದಲ್ಲಿದೆ,
ಸಹಿ ಬಾರದವರು ಕೆಳಗೆ
ಒಂದೊಂದು ಲಾಳಿ ಬರೆದಿದ್ದಾರೆ.

ಕೊನೆಗೆ ಅವರೇ ಮೇಲೆ ಹತ್ತಿ ಬಾರಿಸಿದರು,
ಹೊತ್ತಲ್ಲದ ಹೊತ್ತಿನಲ್ಲಿ, ಮಟಮಟ ಮಧ್ಯಾಹ್ನ.
ಮಗ್ಗಗಳೆಲ್ಲ ನಿಂತವು.
ದೊರೆ ಬಂದ. ನಾಲ್ವರನ್ನು ಗಲ್ಲಿಗೇರಿಸಿದ.
ಗಂಟೆಗೂ ಶಿಕ್ಷೆಯಾಯಿತು: ನಾಲಗೆ ಕೀಳಿ.
ಲೆಕ್ಕದಲ್ಲಿ ಅದೂ ಇದೆ:
ಕಮ್ಮಾರ ಯೋಸನಿಗೆ, ನಾಲಗೆ ಬಿಚ್ಚಿದ ಕೂಲಿ.
ಅಂಚಿನಲ್ಲಿ, ಬೇರೆ ಕೈಬರಹ:
ಆಸಾಮಿ ಹಣ ಮುಟ್ಟಲಿಲ್ಲ.

ಗಂಟೆ ನಿಂತಿತು, ಗಂಟೆಗಳು ನಿಲ್ಲಲಿಲ್ಲ.
ಹನ್ನೊಂದು ವರ್ಷ ಊರು ಎದ್ದದ್ದು
ಮಾಹ್ತೆಲ್ಡಳ ಒಲೆಯಿಂದ ಬಂದ ರೊಟ್ಟಿಯ ವಾಸನೆಗೆ.
ಆಗ ಹುಟ್ಟಿದ ಕೂಸುಗಳು
ಢಣ್ ಎಂಬುದನ್ನು ತಾಯಂದಿರ ಬಾಯಲ್ಲಷ್ಟೇ ಕೇಳಿದವು.
ಹೊಸ ನಾಲಗೆ ಕಟ್ಟಿದ ದಿನ
ಅಳುತ್ತ ಮನೆಗೆ ಓಡಿದವಂತೆ,
ಇದು ಅಮ್ಮ ಹೇಳಿದ ಗಂಟೆಯಲ್ಲ ಎಂದು.

ಆಮೇಲೆ ಸಿಡಿಲು. ಮತ್ತೆ ಸಿಡಿಲು.
ದೊಡ್ಡ ಯುದ್ಧದ ಮೂರನೇ ವರ್ಷ ಸೈನಿಕರು ಬಂದು
ಗಂಟೆಯನ್ನು ದೋಣಿಗೆ ಹೇರಿದರು.
ರಸೀದಿ ಕೊಟ್ಟರು, ತೂಕ ಸಹಿತ.
ರಸೀದಿ ಜೋಪಾನವಾಗಿದೆ.

ಹೊಸ ಎರಕದ್ದನ್ನು ಬಾರಿಸಿದವನು ಅವಳ ಅಜ್ಜ, ಲೀವೆನ್.
ನಲವತ್ತಕ್ಕೇ ಕಿವಿ ಹೋಯಿತು.
ಅಂಗೈಯನ್ನು ಗೋಡೆಗೆ ಒತ್ತಿ ಎಣಿಸುತ್ತಿದ್ದ,
ಎಂಟು, ಒಂಬತ್ತು.
ಅಜ್ಜಿಯ ಬೈಗುಳ ಕೇಳದಿದ್ದರೂ
ಅವಳು ಮೆಟ್ಟಿಲೇರುವುದು
ಇಟ್ಟಿಗೆಯಲ್ಲಿ ತಿಳಿಯುತ್ತಿತ್ತಂತೆ.
ಆ ಜಾಗ ಸವೆದು ಬೋಗುಣಿಯಾಗಿದೆ.
ಗೊದೆಲೀವಳ ಅಂಗೈ ಅದಕ್ಕೆ ಚಿಕ್ಕದು.

ಈ ವರ್ಷದ ಪುಟ ಅವಳೇ ತುಂಬಬೇಕು:
ಪಾರಿವಾಳಕ್ಕೆ ಬಲೆ. ಎಣ್ಣೆ, ಎರಡು ಲೀಟರು.
ಮೆಟ್ಟಿಲಿಗೆ ಬಲ್ಬು, ಆರು.
ಪೆನ್ನು ಸ್ವಲ್ಪ ತಡೆಯುತ್ತದೆ.
ಬಿಯರು, ಒಂದು, ಎಂದು ಸೇರಿಸುತ್ತಾಳೆ.
ಹತ್ತಿದ್ದಕ್ಕೋ, ಇಳಿದದ್ದಕ್ಕೋ,
ಬರೆಯುವುದಿಲ್ಲ.