ಸಿರಿಲ್ ಹೆಬಲ್‌ವೈಟ್‌ನ ರೈಟು

ಹಲ್ ಪಟ್ಟಣ, ಹೆಸಲ್ ರೋಡ್. ಅಲ್ಲಿಯವರ ಬಾಯಲ್ಲಿ ಅದು ರರ್ಡ್.
ನಾನು ಕೆಂಟ್ ಕಡೆಯವಳು, ಮೊದಲ ವಾರ ರಸ್ತೆಯೇ ಅರ್ಥವಾಗಲಿಲ್ಲ.
ಚೀಲದಲ್ಲಿ ಚಿತ್ರದ ಕಾರ್ಡುಗಳು, ಒಂದು ಅಂಕಪಟ್ಟಿ.
ಮಾತು ಕಳೆದುಕೊಂಡವರಿಗೆ ಹುಡುಕಿಕೊಡುವ ನೌಕರಿ.

ಸಿರಿಲ್ ಮೂವತ್ತು ವರ್ಷ
ರಾತ್ರಿ ಎರಡಕ್ಕೆದ್ದು ಹಡಗಿನ ಹೊಟ್ಟೆಯಿಂದ
ಮಂಜುಗಡ್ಡೆ ಹತ್ತಿದ ಮೀನು ಇಳಿಸಿದವನು.
ಮಾರ್ಚಿಯಲ್ಲಿ ಮಿದುಳಿನ ಎಡಗಡೆ ಒಂದು ನಾಳ ಕಟ್ಟಿತು,
ಬಲಗೈ ಬಿತ್ತು. ಜೊತೆಗೆ ಭಾಷೆ, ಪೂರ್ತಿ.
ಜರಡಿಯಲ್ಲಿ ನಿಂತದ್ದು ಒಂದೇ ಕಾಳು:
ರೈಟ್.

ಬಲಗೈ ಹೋದವನಿಗೆ ಬಲ ಎಂಬ ಪದ ಉಳಿಯಿತಲ್ಲ
ಎಂದು ಟಿಪ್ಪಣಿ ಬರೆದೆ,
ನನ್ನ ಜಾಣತನಕ್ಕೆ ನಾನೇ ತಲೆದೂಗಿದೆ.

ಬೆಕ್ಕಿನ ಕಾರ್ಡು ಹಿಡಿದೆ. ರೈಟ್, ಅಂದ.
ಚಮಚ. ರೈಟ್. ಛತ್ರಿ. ರೈಟ್, ಸ್ವಲ್ಪ ಬೇಸರದಿಂದ.
ಉಳಿದಿರುವ ಪದಗಳು ಎಂಬಲ್ಲಿ ಒಂದು ಎಂದು ತುಂಬಿದೆ.
ಮೇವಿಸ್ ನನ್ನ ಹೆಗಲ ಮೇಲಿಂದ ಇಣುಕಿ,
"ಒಂದಾ? ಲೆಕ್ಕ ಬರೋದಿಲ್ವಾ ನಿನಗೆ, ಲವ್?"

ಇಲ್ಲಿ ಲವ್ ಅಂದರೆ ಪ್ರೀತಿಯಲ್ಲ.
ಬಸ್ಸಿನವನು, ಬ್ರೆಡ್ಡಿನವಳು,
ದಂಡ ಹಾಕುವ ಪೊಲೀಸನೂ ಚೀಟಿ ಹರಿದುಕೊಟ್ಟು ಲವ್ ಅನ್ನುತ್ತಾನೆ.
ಆದರೂ ಜನವರಿಯ ನಾಲ್ಕು ಗಂಟೆಯ ಕತ್ತಲಲ್ಲಿ ಯಾರೋ ಹಾಗಂದಾಗ
ಅದು ಪ್ರೀತಿಯೇ ಅಲ್ಲ ಅನ್ನಲು ನನಗೆ ಧೈರ್ಯ ಸಾಲದು.

ಆಮೇಲೆ ಬಿಡಿಸಿದಳು, ಬಟಾಣಿ ಬಿಡಿಸಿದ ಹಾಗೆ.
ಚಹಾ ತುಟಿಗೆ ತಾಕಿ, ಕಣ್ಣು ಅರೆಮುಚ್ಚಿ ಬಂದರೆ: ಸಕ್ಕರೆ ಸರಿಯಾಗಿದೆ.
ತೊಡೆ ತಟ್ಟಿ ಬಂದರೆ: ಕೂತದ್ದು ಸಾಕು, ಏಳು.
ಪೇಪರಿನಲ್ಲಿ ಮಂತ್ರಿಯ ಮುಖ ಕಂಡು ಎಳೆದೆಳೆದು: ಹೌದೌದು, ನಂಬಿದೆ ಬಿಡು.
ಪಕ್ಕದ ನಾರ್ಮನ್‌ಗೆ ಗದ್ದ ಎತ್ತಿ: ಹೇಗಿದ್ದೀಯ.
ಗದ್ದ ಇಳಿಸಿ: ಇನ್ನು ಹೊರಡು.
ಗ್ಯಾಸಿನವನು ಬೂಟುಗಾಲಲ್ಲಿ ಅಡುಗೆಮನೆಗೆ ನುಗ್ಗಿದಾಗ ಮೇಜು ಗುದ್ದಿ:
ಇದು ನನ್ನ ಮನೆ, ಕೇಳುವ ಹಕ್ಕು ನನಗಿದೆ.
ಮತ್ತೆ ರಾತ್ರಿ ಮೂರಕ್ಕೆ ಒಮ್ಮೊಮ್ಮೆ,
ಛಾವಣಿ ನೋಡುತ್ತ, ಕೊನೆಯಲ್ಲಿ ದನಿ ಏರಿಸಿ ಕೇಳುವುದೊಂದು...
ಅದನ್ನು ಮಾತ್ರ ಬಿಡಿಸಲಿಲ್ಲ.
ಸರಿಯಾಗೇ ಇದ್ದ ಪರದೆಯನ್ನು ಸರಿಮಾಡಲು ಎದ್ದುಹೋದಳು.

ಏಪ್ರಿಲಿನಲ್ಲಿ ತಾತ ಎಡಗೈಯೊಂದರಲ್ಲೇ
ಮೊಟ್ಟೆ ಒಡೆದು ಬಾಣಲೆಗೆ ಬಿಟ್ಟದ್ದು ಕಂಡು
ಮೊಮ್ಮಗ ಕೆಲ್ವಿನ್ ಕಿರುಚಿದ: "ಸಿಕ್!"
ಮೇವಿಸ್ ಬಕೆಟ್ ಹಿಡಿದು ಓಡಿಬಂದಳು.
"ಅಯ್ಯೋ ಅಜ್ಜಿ, ಸಿಕ್ ಅಂದ್ರೆ ಚಿಂದಿ! ಸಖತ್!"
ಈ ಮನೆಯಲ್ಲಿ ಆ ಪದಕ್ಕೆ
ತಿಂಗಳಿಂದ ಒಂದೇ ಅರ್ಥ ಇತ್ತು ಮಗಾ, ಅಂದಳು, ಬಕೆಟ್ ಕೆಳಗಿಡದೆ.
ಸಿರಿಲ್ ಬಾಯಿಯ ಅರ್ಧದಲ್ಲಿ ನಕ್ಕ.

ಕೊನೆಯ ಭೇಟಿಯಲ್ಲಿ ಪರೀಕ್ಷೆ. ಸೂಚನೆ ಹನ್ನೊಂದು: ಬಲಗೈ ಎತ್ತಿ.
ಅವನು ಎಡಗೈಯಿಂದ ಬಲಗೈಯ ಮಣಿಕಟ್ಟು ಹಿಡಿದು
ತುಂಬಿದ ಮೀನಿನ ಬುಟ್ಟಿಯಂತೆ ಮೇಲೆತ್ತಿದ,
ತೋರಿಸಿದ, ತುಳುಕದಂತೆ ಇಳಿಸಿದ.
ರೈಟ್.
ಕೈಪಿಡಿಯ ಪ್ರಕಾರ ಇದಕ್ಕೆ ಅಂಕವಿಲ್ಲ.

ಲೆಫ್ಟ್ ಅಂದರೆ ಎಡ. ಹೊರಟುಹೋದದ್ದೂ ಲೆಫ್ಟ್.
ಹೋದಮೇಲೆ ಉಳಿದದ್ದೂ ಅದೇ.
ನಲವತ್ತು ವರ್ಷ ಈ ಭಾಷೆ ಆಡಿದ್ದೇನೆ,
ಕೇಳಿಸಿದ್ದು ಆವತ್ತು.

ಪಟ್ಟಿಯ ಒಂದನ್ನು ಉಜ್ಜಿ ಅಳಿಸಿದೆ.
ಬೇರೆ ಏನು ಬರೆಯಬೇಕೋ ತಿಳಿಯದೆ ಕಾಗದ ತೂತಾಯಿತು.
ಬರುತ್ತೇನೆ, ಅಂದೆ ಬಾಗಿಲಲ್ಲಿ. ರೈಟ್, ಅಂದ.
ಗದ್ದ ಎತ್ತಿದನೋ ಇಳಿಸಿದನೋ, ಕನ್ನಡಕ ಮಬ್ಬಾಗಿತ್ತು.

ಬಸ್ಸಿನವನು ಕೇಳಿದ: "ಎಲ್ಲಿಗೆ, ಲವ್?"
ಅಂಗೈಯಲ್ಲಿ ಚಿಲ್ಲರೆ ಹಿಡಿದು ನಿಂತೆ.
ದಿನವೂ ಇಳಿಯುವ ಊರಿನ ಹೆಸರು
ತಕ್ಷಣಕ್ಕೆ ಬಾಯಿಗೆ ಬರಲಿಲ್ಲ.