ಹಾರು, ಕ್ರಿಯಾಪದ

ಕಾಮಶೇತದ ಗುಡ್ಡದ ಮೇಲೆ ಒಂದು ಪ್ಲಾಸ್ಟಿಕ್ ಕುರ್ಚಿ,
ಮಂಡಿಯ ಮೇಲೆ ಮರಾಠಿ ಫಾರ್ಮು.
ಪುಟಕ್ಕೆ ನೂರೈವತ್ತರಂತೆ ಕನ್ನಡ ಮಾಡಿಕೊಡಲು
ಪುಣೆಯಿಂದ ಲೋಕಲ್ ಹಿಡಿದು ಬಂದವಳು ನಾನು.
ಅಥಣಿಯ ಟೇಲರ್ ಸಂಘದವರಂತೆ, ಹನ್ನೊಂದು ಜನ,
ಓದದೆ ಸಹಿ ಹಾಕುವ ಪೈಕಿಯಲ್ಲವಂತೆ.
ನಾಮದೇವ ಟಿಕೋಣೆ ಫೋನಿನಲ್ಲೇ ನಿಟ್ಟುಸಿರಿಟ್ಟಿದ್ದ.

ಮೊದಲ ಸಾಲಿಗೇ ಎಡವಿದೆ.
'ನಾನು ಸ್ವಂತ ಇಚ್ಛೆಯಿಂದ ಹಾರುತ್ತಿದ್ದೇನೆ.'
ಬರೆದೆ, ನೋಡಿದೆ, ಹೊಡೆದುಹಾಕಿದೆ.

ಗುಬ್ಬಿ ಹಾರುತ್ತದೆ, ಕಪ್ಪೆಯೂ ಹಾರುತ್ತದೆ.
ಗೋಡೆ ಹಾರಿದ ಕಳ್ಳ,
ಎರಡನೇ ಒಗೆತಕ್ಕೆ ಹಾರಿಹೋದ ಬಣ್ಣ,
ಸುಮ್ಮನೆ ಮೈಮೇಲೆ ಹಾರಿಬೀಳುವ ನನ್ನ ನಾದಿನಿ,
ಎಲ್ಲರಿಗೂ ಒಂದೇ ಮಾತು.
ಕಾಲು ನೆಲ ಬಿಟ್ಟದ್ದಷ್ಟೇ ಅದಕ್ಕೆ ಗೊತ್ತು;
ಆಮೇಲೆ ಮೇಲಕ್ಕೋ ಕೆಳಕ್ಕೋ
ಅದು ಕೇಳುವುದಿಲ್ಲ.

ತೇಲು ಅಂದರೆ ನೀರು ಬರುತ್ತದೆ,
ನೀರಿನ ಹಿಂದೆ ಬೇರೇನೋ ಬರುತ್ತದೆ.
ತೂರು ಅಂದರೆ ಹೊಟ್ಟು.
ಗಾಳಿ ಬಂದಾಗ ತೂರಿಕೋ ಅಂದವರು ಕಾಳು ನೋಡಿದರೇ ಹೊರತು
ಜೊಳ್ಳು ಎಷ್ಟು ಹೊತ್ತು ಮೇಲಿತ್ತು,
ಅಲ್ಲಿಂದ ಏನು ಕಂಡಿತು, ಬರೆದಿಡಲಿಲ್ಲ.
ಗಾಳಿಯಾಟ? ಮಕ್ಕಳ ಪಟ.
ಗಾಳಿಸವಾರಿ? ಕುದುರೆಯೆಲ್ಲಿ?
ಗಾಳಿ ಹಿಡಿಯುವುದು ಅಂದರಂತೂ
ಅಮಾವಾಸ್ಯೆ, ಬೇವಿನ ಸೊಪ್ಪು, ಕುಯ್ದ ನಿಂಬೆಹಣ್ಣು.

ಜಾಗ ಖಾಲಿ ಬಿಟ್ಟೆ. ಎರಡೂವರೆಗೆ ಬಸ್ಸು ಬಂತು.

ಸತ್ಯವ್ವ ಬಡಿಗೇರ, ಅರವತ್ತೊಂದು,
ಕೊರಳಲ್ಲಿ ಇನ್ನೂ ಅಳತೆಯ ಟೇಪು,
ಮೊದಲು ಫಾರ್ಮು ನೋಡಲಿಲ್ಲ, ರೆಕ್ಕೆ ನೋಡಿದಳು.
ಹುಲ್ಲಿನ ಮೇಲೆ ಹರವಿದ ಕೇಸರಿ ಬಟ್ಟೆಯ ಅಂಚನ್ನು
ಹೆಬ್ಬೆರಳಲ್ಲಿ ತಿಕ್ಕಿದಳು. 'ಕುಬಸಕ್ಕ ಬರೂದಿಲ್ಲ ಇದು.'
ಆಮೇಲೆ ನಾನು ಹೊಡೆದುಹಾಕಿದ ಶಬ್ದವನ್ನೇ
ಗೀಟಿನ ಕೆಳಗಿಂದ ಓದಿದಳು.
'ಚಲೋ ಮಾಡಿದ್ರಿ. ನಮ್ಮ ಓಣ್ಯಾಗ
ಹಾರಿದಳು ಅಂದ್ರ ಮುಂದ ಬಾಂವಿ ಬರತೈತಿ.'
ಯಾರು, ಯಾವಾಗ, ನಾನು ಕೇಳಲಿಲ್ಲ.
ಅವಳು ಕಚ್ಚೆ ಬಿಗಿದು, ಎಲೆಯಡಿಕೆಯ ಸಂಚಿಯನ್ನು
ಉಡಿಗೆ ಸಿಕ್ಕಿಸಿ ನಿಂತಳು.

ಪಡುವಣ ಗಾಳಿ ಪವನಾ ಕೆರೆ ದಾಟಿ
ಇಳಿಜಾರಿನ ಒಣಹುಲ್ಲನ್ನು ಬಾಚುತ್ತ ಏರಿತು.
ಕಂಬದ ಗಾಳಿಚೀಲ ಹೊಟ್ಟೆ ತುಂಬಿಸಿಕೊಂಡಿತು.
ಅವಳ ಬೆನ್ನಿಗೆ ಪಟ್ಟಿ ಕಟ್ಟಿ ಹಿಂದೆ ನಿಂತ ನಾಮದೇವ
ಕೂಗಿದ: 'ಪಳಾ, ಪಳಾ! ಉಡಿ ಮಾರೂ ನಕಾ!'
ಓಡಿ, ಜಿಗಿಯಬೇಡಿ ಅಂತ.
ಅವನ ಉಡಿ ಜಿಗಿತ, ಅವಳ ಉಡಿ ಮಡಿಲು.
ನಾನು ಬಾಯಿ ತೆರೆಯುವಷ್ಟರಲ್ಲಿ
ಸತ್ಯವ್ವ ಎರಡೂ ಕೈಯಲ್ಲಿ ಉಡಿ ಗಟ್ಟಿ ಹಿಡಿದು
ಓಡಿದಳು.
ಏಳು ಹೆಜ್ಜೆ. ಎಂಟನೆಯದಕ್ಕೆ ನೆಲ ಸಿಗಲಿಲ್ಲ,
ಕಾಲು ಮಾತ್ರ ಓಡುತ್ತಲೇ ಇತ್ತು.

ಹನ್ನೆರಡು ನಿಮಿಷ.
ತಿಕೋನಾ ಕೋಟೆಯ ಕಡೆ ವಾಲಿದ್ದು ಕಂಡಿತು,
ಒಂದು ಹದ್ದು ಜಾಗ ಬಿಟ್ಟುಕೊಟ್ಟದ್ದು ಕಂಡಿತು.
ಉಳಿದ ಹತ್ತು ಜನ ಹಣೆಗೆ ಕೈಯಿಟ್ಟು
ಉಸಿರಿನಲ್ಲೇ ಕಾಜಾ ಹಾಕುತ್ತಿದ್ದರು.

ಕೆಳಗೆ ಉತ್ತ ಗದ್ದೆಯಲ್ಲಿ ಇಳಿದವಳ ಬಳಿ ಓಡಿದೆ.
ಪೆನ್ನು ಕೈಯಲ್ಲೇ ಇತ್ತು. ಏನು ಮಾಡಿದಿರಿ ಮೇಲೆ,
ನಿಮ್ಮ ಮಾತಿನಲ್ಲಿ ಹೇಳಿ, ಏನು ಅನ್ನುತ್ತೀರಿ ಅದಕ್ಕೆ?
'ನಾ ಏನ್ ಮಾಡ್ಲಿ ತಂಗಿ? ಕುಂತಿದ್ನಿ.
ಮಾಡೂದೆಲ್ಲಾ ಗಾಳೀನ ಮಾಡ್ತು.'
ಉಡಿ ತಡವಿ ನೋಡಿದಳು. ಸಂಚಿ ಅಲ್ಲೇ ಇತ್ತು.
'ಎಡಗಡಿ ತುದಿಗೆ ಎರಡ ಹೊಲಿಗಿ ಬಿಟ್ಟಾವ,
ಹೇಳ್ರಿ ಅವಗ. ಸೂಜಿ ಐತಿ ನನ್ನ ಕಡೆ.'

ಸಂಜೆ ನಾಮದೇವ ನೂರೈವತ್ತು ಎಣಿಸಿ ಕೊಟ್ಟ.
ಖಾಲಿ ಬಿಟ್ಟ ಜಾಗ ಅವನಿಗೆ ತಿಳಿಯಲಿಲ್ಲ,
ಕನ್ನಡ ಅವನಿಗೆ ಬರಿಯ ಸುರುಳಿಗಳು.
ಲೋಕಲಿನ ಕಿಟಕಿಯ ಬಳಿ ಕೂತು ಪ್ರತಿಗಳನ್ನು ತಿರುವಿದೆ:
ಹನ್ನೊಂದು ಸಹಿ, ಒಂದು ಹೆಬ್ಬೆಟ್ಟೂ ಇಲ್ಲ,
ಕ್ರಿಯಾಪದವಿಲ್ಲದ ವಾಕ್ಯದ ಕೆಳಗೆ.